ನಕ್ಕವನ ಹೇಳಿಕೆ

ಉಪ್ಪಿಟ್ಟಿಗೆ ಉಪ್ಪು ಹೆಚ್ಚಾಗಿದೆಯೋ ಕಡಿಮೆಯಾಗಿದೆಯೋ ಎಂಬುದನ್ನು ನನ್ನ ಮುಖ ನೋಡಿ ತಿಳಿಯುವಂತಿಲ್ಲ. ಮದುವೆಯಾದ ಹೊಸದರಲ್ಲಿ ನನ್ನ ಹೆಂಡತಿ ತಟ್ಟೆ ಮುಂದಿಟ್ಟು, ಸೆರಗಿಗೆ ಕೈ ಒರೆಸಿಕೊಳ್ಳುತ್ತ, ಮೊದಲ ತುತ್ತು ಬಾಯೊಳಗೆ ಹೋಗುವುದನ್ನೇ ಕಾಯುತ್ತ ನಿಲ್ಲುತ್ತಿದ್ದಳು. ತುತ್ತು ಹೋಗುತ್ತಿತ್ತು. ಹುಬ್ಬು ಏರುತ್ತಿರಲಿಲ್ಲ, ತುಟಿ ಇಳಿಯುತ್ತಿರಲಿಲ್ಲ. ಆರು ತಿಂಗಳು ಕಾದು ನೋಡಿ, ಗೋಡೆಗೆ ಬಡಿಸಿದ್ದರೆ ಒಂದು ಕಲೆಯಾದರೂ ಉಳಿಯುತ್ತಿತ್ತು ಎಂದು ತೀರ್ಪು ಕೊಟ್ಟಳು. ಅಂದಿನಿಂದ ಉಪ್ಪನ್ನು ತಾನೇ ರುಚಿ ನೋಡಿ ಹಾಕತೊಡಗಿದಳು. ಗೆಳೆಯರೇ, ಇದು ನನ್ನ ಹುಟ್ಟುಗುಣವಲ್ಲ, ಜಂಬವೂ ಅಲ್ಲ. ಕಲಿತ ವಿದ್ಯೆ. ಒಂದು ಕಾಲಕ್ಕೆ ಈ ಮುಖವೇ ನನಗೆ ಅನ್ನ ಹಾಕಿತ್ತು.

ಪತ್ರಿಕೆಯ ಕೆಲಸದಿಂದ ನಾನು ನಿವೃತ್ತನಾದಾಗ ಕಚೇರಿಯವರು ಒಂದು ಸಣ್ಣ ಪರಿಚಯಪತ್ರ ಅಚ್ಚು ಹಾಕಿಸಿದರು. ಅದನ್ನು ಬರೆದ ಹುಡುಗ ಒಳ್ಳೆಯವನು, ವ್ಯಾಕರಣವೂ ಶುದ್ಧ. ಹುಟ್ಟಿದ್ದು ಯಳಂದೂರು ತಾಲ್ಲೂಕಿನ ಅಗರ, ತಂದೆ ಶಾಲಾ ಉಪಾಧ್ಯಾಯರು, ಪತ್ರಿಕೆಗೆ ಬಂದದ್ದು ಇಂಥ ವಯಸ್ಸಿನಲ್ಲಿ ಎಂದೆಲ್ಲ ಬರೆದು, ನಡುವಿನ ನಾಲ್ಕು ವರ್ಷಗಳನ್ನು 'ಕೆಲಕಾಲ ಇತರ ಉದ್ಯೋಗ' ಎಂಬ ಮೂರು ಪದಗಳ ಕೆಳಗೆ ಹೂತಿಟ್ಟಿದ್ದ. ನಾನು ಕೆಂಪು ಪೆನ್ಸಿಲಿನಿಂದ ಅಡ್ಡಗೆರೆ ಎಳೆದು, 'ಡೇರೆ ಕಂಪನಿಯಲ್ಲಿ ಪಂದ್ಯದ ಘೋಷಕ, ಹಾಸ್ಯಗಾರನ ಜೊತೆಗಾರ' ಎಂದು ತಿದ್ದಿ ಕೊಟ್ಟೆ. ಅವನು ಅದನ್ನು ನೋಡಿ, ಹಾಕಲೇಬೇಕೇ ಸರ್ ಎಂದು ಮೆಲ್ಲಗೆ ಕೇಳಿದ. ಹಾಕಲೇಬೇಕು ಎಂದೆ. ಅವನ ಕಣ್ಣಿನಲ್ಲಿ ಕಂಡ ಮುಜುಗರ ನನಗೆ ಹೊಸದಲ್ಲ. ಹಾಗೆ ನೋಡಿದವರಿಗೆಲ್ಲ ಒಂದು ಉತ್ತರ ಬಾಕಿ ಇತ್ತು. ಅದನ್ನೇ ಇಲ್ಲಿ ಬರೆದಿಡುತ್ತಿದ್ದೇನೆ.

ಆಗ ಕೊಳ್ಳೇಗಾಲವೂ ಹನೂರೂ ಮದರಾಸು ರಾಜ್ಯಕ್ಕೆ ಸೇರಿದ್ದವು, ಯಳಂದೂರು ಮೈಸೂರಿಗೆ. ಬೆಳಿಗ್ಗೆ ಜಟಕಾ ಹತ್ತಿದರೆ ಮಧ್ಯಾಹ್ನದ ಊಟಕ್ಕೆ ಮೊದಲು ಇನ್ನೊಂದು ಸರ್ಕಾರದ ಪ್ರಜೆಗಳ ಮುಂದೆ ಕೂಗುತ್ತಿರಬೇಕು. ಅದೇ ಮಾತು, ಅದೇ ಧೂಳು, ಪರವಾನಗಿ ಕಾಗದ ಮಾತ್ರ ಬೇರೆ. ನಮ್ಮ ಕಂಪನಿ ದೊಡ್ಡದೇನಲ್ಲ. ತೇಪೆ ಹಾಕಿದ ಒಂದು ಡೇರೆ, ಜಾದೂ ಮಾಡುವ ಒಬ್ಬರು, ಹಾರ್ಮೋನಿಯಂ ಒತ್ತುವ ಒಬ್ಬರು, ಕುಣಿಯುವ ಇಬ್ಬರು ಅಕ್ಕತಂಗಿಯರು, ಹಾಸ್ಯಕ್ಕೆ ಪುಟ್ಟಸ್ವಾಮಿ, ಮತ್ತು ನಾನು. ಹಗಲು ಹೊತ್ತು ತಗಡಿನ ತುತ್ತೂರಿ ಬಾಯಿಗಿಟ್ಟು ಬೀದಿ ಬೀದಿಯಲ್ಲಿ ಪ್ರಚಾರ ಮಾಡುವುದು ನನ್ನ ಕೆಲಸ. ಪಾಲಾರ್ ಕಡೆಯ ಹಳ್ಳಿಗಳಿಗೆ ಹೋದರೆ ಅದೇ ಪ್ರಚಾರವನ್ನು ತಮಿಳಿನಲ್ಲಿ ಹೇಳುತ್ತಿದ್ದೆ. ಆಟ ಶುರುವಾದ ಮೇಲೆ ವೇದಿಕೆಯ ಮೇಲೆ ನಿಂತು ಪುಟ್ಟಸ್ವಾಮಿಗೆ ಪ್ರಶ್ನೆ ಕೇಳುವುದು, ಅವನ ಉತ್ತರಕ್ಕೆ ಡೇರೆಯೆಲ್ಲ ಬಿದ್ದು ಬಿದ್ದು ನಗುವಾಗ ನಗದೆ ನಿಲ್ಲುವುದು. ಹೊರಗಿನ ಹಲಗೆಯ ಮೇಲೆ ಅವನ ಹೆಸರನ್ನು ಮೊಳ ಗಾತ್ರದಲ್ಲಿ, ಅದರ ಕೆಳಗೆ ನನ್ನದನ್ನು 'ನಗದ ರಾಚಪ್ಪ' ಎಂದು ಗೇಣು ಗಾತ್ರದಲ್ಲಿ ಬರೆಸಿದ್ದರು.

ಈ ಕೆಲಸಕ್ಕೆ ನಾನು ಅರ್ಜಿ ಹಾಕಿದವನಲ್ಲ. ಪರೀಕ್ಷೆಯಲ್ಲಿ ಗಣಿತ ಕೈಕೊಟ್ಟ ಮೇಲೆ ಅಗರದ ಅರಳಿಕಟ್ಟೆಯ ಪಕ್ಕದ ವಾಚನಾಲಯದಲ್ಲಿ ಓದು ಬಾರದವರಿಗೆ ಪತ್ರಿಕೆ ಓದಿ ಹೇಳುತ್ತಿದ್ದೆ. ಯುದ್ಧದ ಸುದ್ದಿ, ಬೆಲ್ಲದ ಧಾರಣೆ, ಯಾರದೋ ಎಮ್ಮೆ ಕಳೆದುಹೋದ ಪ್ರಕಟಣೆ, ಎಲ್ಲವನ್ನೂ ಒಂದೇ ದನಿಯಲ್ಲಿ ಓದುತ್ತಿದ್ದೆನಂತೆ. ಕಂಪನಿಯ ಮಾಲೀಕರು ಒಂದು ದಿನ ಬಸ್ಸಿಗೆ ಕಾಯುತ್ತ ಅಲ್ಲಿ ಕುಳಿತಿದ್ದರು. ಕಳೆದುಹೋದ ಎಮ್ಮೆಯ ಕೊಂಬಿನ ವಿವರವನ್ನು ನಾನು ಓದಿದ ರೀತಿಗೆ ಸುತ್ತ ಕುಳಿತವರೆಲ್ಲ ನಗುತ್ತಿದ್ದರೂ ನಾನು ತಲೆ ಎತ್ತದೆ ಮುಂದಿನ ಸುದ್ದಿಗೆ ಹೋದದ್ದನ್ನು ಕಂಡು, ಬಸ್ಸು ಬಂದರೂ ಹತ್ತದೆ ನನ್ನನ್ನು ಮಾತಾಡಿಸಿದರು. ಹೀಗೆ ಒಂದು ಎಮ್ಮೆಯ ದೆಸೆಯಿಂದ ನನಗೆ ಉದ್ಯೋಗವಾಯಿತು.

ಪುಟ್ಟಸ್ವಾಮಿ ಸತ್ತೇಗಾಲದವನು, ಕಬ್ಬಿನ ಆಲೆಮನೆಯಲ್ಲಿ ಬೆಳೆದವನು, ಮೈಯೆಲ್ಲ ಮಾತು. ನಾನು ಯಾವ ಊರಪ್ಪ ನಿನ್ನದು ಎಂದು ಕೇಳಬೇಕು. ಅವನು ಹಿಂದೆ ಮುಂದೆ ನೋಡಿ, ಕೇಳೋರು ಯಾರು ಅನ್ನೋದರ ಮೇಲೆ ಹೋಗುತ್ತೆ ಸ್ವಾಮಿ, ಕೊಳ್ಳೇಗಾಲದಲ್ಲಿ ಕೇಳಿದರೆ ಮದರಾಸಿನವನು, ಯಳಂದೂರಲ್ಲಿ ಕೇಳಿದರೆ ಮೈಸೂರಿನವನು, ಹೆಂಡತಿ ಕೇಳಿದರೆ ಊರಲ್ಲೇ ಇಲ್ಲ ಎನ್ನಬೇಕು. ಬರೆದಾಗ ಇದು ಸಪ್ಪೆ, ಒಪ್ಪುತ್ತೇನೆ. ಆದರೆ 'ಊರಲ್ಲೇ ಇಲ್ಲ' ಎಂಬ ಮಾತಾದ ಮೇಲೆ ನಾನು ಎಷ್ಟು ಹೊತ್ತು ಅವನನ್ನು ನೋಡುತ್ತ ನಿಲ್ಲುತ್ತೇನೆ ಎಂಬುದರ ಮೇಲೆ ಆ ನಗೆ ಹೊಳೆಯಾಗುವುದೋ ಹನಿಯಾಗುವುದೋ ಎಂಬುದು ನಿಂತಿತ್ತು. ಬೇಗ ಮುಂದಿನ ಪ್ರಶ್ನೆಗೆ ಹೋದರೆ ಅದು ಬಾಯೊಳಗೇ ಸಾಯುತ್ತಿತ್ತು, ತಡಮಾಡಿದರೆ ಹಳಸುತ್ತಿತ್ತು. ಆ ಅಳತೆಯನ್ನು ಯಾವ ಶಾಲೆಯಲ್ಲೂ ಕಲಿಸುವುದಿಲ್ಲ, ನನಗೆ ಕೈಕೊಟ್ಟ ಗಣಿತದಲ್ಲಿ ಅದು ಇರಲೂ ಇಲ್ಲ.

ಗೋಡೆಯಿಲ್ಲದ ಬಯಲಿನಲ್ಲಿ ಚೆಂಡು ಎಸೆದವನು ತಾನೇ ಓಡಿ ಹೆಕ್ಕಿ ತರಬೇಕು. ನಾನು ಆ ಗೋಡೆ. ಹಾಸ್ಯಗಾರನ ಮಾತು ನನ್ನ ಮುಖಕ್ಕೆ ಬಡಿದು ಜನರ ಕಡೆಗೆ ಪುಟಿಯುತ್ತಿತ್ತು. ನಾನೂ ನಕ್ಕುಬಿಟ್ಟರೆ ಇಬ್ಬರು ಗೆಳೆಯರು ತಮ್ಮೊಳಗೆ ಹರಟುತ್ತಿದ್ದಾರೆಂದು ಜನ ಎದ್ದು ಮನೆಗೆ ಹೋಗುತ್ತಾರೆ. ನಾನು ಗಂಭೀರನಾಗಿ, ಈ ಲೋಕದಲ್ಲಿ ಪ್ರಶ್ನೆಗೆ ನೇರವಾದ ಉತ್ತರ ಸಿಕ್ಕೇ ಸಿಗುತ್ತದೆ ಎಂದು ನಂಬಿದವನ ಹಾಗೆ ನಿಂತಿರುವವರೆಗೆ ಮಾತ್ರ ಅವನ ಸೊಟ್ಟ ಉತ್ತರಕ್ಕೆ ಬೆಲೆ. ಇದನ್ನು ಯಾರೂ ಬರೆದಿಟ್ಟಿಲ್ಲ. ನಗಿಸಿದವರ ಹೆಸರುಗಳು ಉಳಿಯುತ್ತವೆ, ಅವರ ಮಾತುಗಳನ್ನು ಮೊಮ್ಮಕ್ಕಳು ಹೇಳಿಕೊಂಡು ನಗುತ್ತಾರೆ. ಅವರಿಗೆ ಪ್ರಶ್ನೆ ಕೇಳಿದವನು ಯಾರು ಎಂದು ವಿಚಾರಿಸಿ ನೋಡಿ, ಒಬ್ಬರೂ ಹೇಳಲಾರರು. ಯಾರೋ ಇದ್ದ ಎನ್ನುತ್ತಾರೆ. ಆ 'ಯಾರೋ' ನಾನು. ಇದ್ದೆ.

ನನ್ನ ಸೋದರಮಾವ ಒಮ್ಮೆ ಯಳಂದೂರಿನಲ್ಲಿ ಆಟ ನೋಡಲು ಬಂದರು. ಪುಟ್ಟಸ್ವಾಮಿ ನನ್ನ ಪೇಟಕ್ಕೆ ಪೊರಕೆಯಿಂದ ಹೊಡೆಯುವ ಒಂದು ಭಾಗವಿತ್ತು. ಮರುದಿನ ಮನೆಗೆ ಬಂದು, ಮೇಷ್ಟರ ಮಗ ಪೊರಕೆ ಏಟು ತಿಂದು ಸಂಬಳ ತೆಗೆದುಕೊಳ್ಳುತ್ತಾನೆಂದು ಅಮ್ಮನ ಮುಂದೆ ಕಣ್ಣೀರು ಹಾಕಿದರು. ಹೆಣ್ಣು ಕೊಡುತ್ತೇವೆಂದಿದ್ದ ಒಂದು ಮನೆಯವರು ಅದೇ ಕಾರಣಕ್ಕೆ ಹಿಂದೆ ಸರಿದರು. ಅಮಲ್ದಾರರ ಕಚೇರಿಯಲ್ಲಿ ಅದಕ್ಕಿಂತ ಮೆತ್ತಗಿನ ಏಟನ್ನು ದಿನವೂ ತಿಂದು, ನಗುತ್ತ ಸಲಾಮು ಹೊಡೆಯುವವರನ್ನು ಇದೇ ಮಾವ ದೊಡ್ಡ ಮನುಷ್ಯರೆನ್ನುತ್ತಿದ್ದರು. ನಾನು ಏಟು ತಿಂದೂ ನಗಲಿಲ್ಲ, ಅಷ್ಟೇ ವ್ಯತ್ಯಾಸ. ಆ ವ್ಯತ್ಯಾಸದ ಪರವಾಗಿ ಆಗಲೂ ಇದ್ದೆ, ಈಗಲೂ ಇದ್ದೇನೆ.

ಇನ್ನು ಪಂದ್ಯದ ವಿಷಯ. ಆಟದ ಕೊನೆಗೆ 'ನಗದವರಿಗೆ ಸೀರೆ' ಎಂಬ ಪಂದ್ಯ ನಡೆಯುತ್ತಿತ್ತು. ಸಭಿಕರಲ್ಲಿ ಯಾರಾದರೊಬ್ಬರು ಬಂದು ಪೀಠದ ಮೇಲೆ ಕೂರಬೇಕು. ಹಿತ್ತಾಳೆ ಕೊಳಗದ ನೀರಿನಲ್ಲಿ, ತಳಕ್ಕೆ ಸೂಜಿಯಷ್ಟು ತೂತಿರುವ ಒಂದು ಬಟ್ಟಲನ್ನು ತೇಲಿಬಿಡುತ್ತಾರೆ. ಬಟ್ಟಲು ತುಂಬಿ ಬುಳಕ್ ಎಂದು ಮುಳುಗುವವರೆಗೆ ಪುಟ್ಟಸ್ವಾಮಿ ಏನು ಮಾಡಿದರೂ ನಗಬಾರದು. ನಗದಿದ್ದರೆ ಗಾಜಿನ ಪೆಟ್ಟಿಗೆಯಲ್ಲಿಟ್ಟಿರುವ ಜರಿಯಂಚಿನ ರೇಷ್ಮೆ ಸೀರೆ ಅವರದು. ಪಕ್ಕದಲ್ಲಿ ನಿಂತು ಮುಖ ನೋಡಿ, ನಕ್ಕರು ಅಥವಾ ನಗಲಿಲ್ಲ ಎಂದು ತುತ್ತೂರಿಯಲ್ಲಿ ಕೂಗುವವನು ನಾನು. ನನ್ನ ಮಾತೇ ಕೊನೆ. ನಗದವನಿಗಿಂತ ನಗೆಯನ್ನು ಬಲ್ಲವರು ಯಾರು ಎಂಬ ತರ್ಕ. ನಗು ಬಾಯಿಗೆ ಬರುವ ಮೊದಲು ಮೂಗಿನ ಹೊಳ್ಳೆಗೆ ಬರುತ್ತದೆ, ಅದಕ್ಕೂ ಮೊದಲು ಕಣ್ಣ ಕೆಳಗಿನ ತೆಳು ಚರ್ಮಕ್ಕೆ. ಒಂದೂವರೆ ವರ್ಷ ಆ ಸೀರೆ ಮೂರು ಊರು ಸುತ್ತಿತು, ಯಾರೂ ಗೆಲ್ಲಲಿಲ್ಲ. ಮೋಸವಿರಲಿಲ್ಲ, ಪುಟ್ಟಸ್ವಾಮಿ ಅಷ್ಟು ಚೆನ್ನಾಗಿದ್ದ. ಆದರೆ ಗೆಲ್ಲದ ಸೀರೆಯೇ ಕಂಪನಿಯ ದೊಡ್ಡ ಜಾಹೀರಾತು ಎಂಬುದು ಮಾಲೀಕರಿಗೆ ದಿನದಿನಕ್ಕೆ ಹೆಚ್ಚು ಮನವರಿಕೆಯಾಗುತ್ತಿತ್ತು.

ಹನೂರಿನಲ್ಲಿ ನಾನು ಒಂದು ತಪ್ಪು ಮಾಡಿದೆ. ಬೆಟ್ಟದ ಕಡೆಯಿಂದ ಜೇನು ತಂದು ಮಾರುವ ಮಾದಯ್ಯ ಎಂಬವರು ಪೀಠದ ಮೇಲೆ ಕುಳಿತರು. ವಯಸ್ಸಾದವರು, ತಲೆಗೆ ಸುತ್ತಿದ ಬಟ್ಟೆಯ ಅಂಚು ಒಂದು ಕೆನ್ನೆಯನ್ನು ಮರೆಮಾಡಿತ್ತು. ಬಟ್ಟಲು ಇನ್ನೇನು ಮುಳುಗಬೇಕು, ಗಾಳಿಗೆ ಬಟ್ಟೆ ಸರಿಯಿತು. ತುಟಿಯ ಮೂಲೆ ಮೇಲಕ್ಕೆದ್ದು ಎರಡು ಹಲ್ಲು ಕಂಡವು. ನಾನು ನಕ್ಕರು ಎಂದು ಕೂಗಿದೆ. ಜನ ಹೋ ಎಂದರು. ಮಾದಯ್ಯ ಎದ್ದು ನಿಂತು, ಬಟ್ಟೆಯನ್ನು ಪೂರ್ತಿ ತೆಗೆದರು. ಕಿವಿಯಿಂದ ತುಟಿಯವರೆಗೆ ಹಳೆಯ ಗಾಯ ಚರ್ಮವನ್ನು ಸೆಳೆದು ಹೊಲಿದಂತಿತ್ತು. ಆ ಮೂಲೆ ಎಂದಿಗೂ ಕೆಳಗಿಳಿಯುವಂಥದಲ್ಲ.

"ಇದು ಕರಡಿ ನಗ್ಸಿದ್ದು ಸಾ," ಎಂದರು. "ಈವಯ್ಯ ಅಲ್ಲ."

ಡೇರೆ ಇನ್ನೂ ಜೋರಾಗಿ ನಕ್ಕಿತು. ಆ ಮಾತು ಪುಟ್ಟಸ್ವಾಮಿಯ ಒಂದು ವರ್ಷದ ಮಾತುಗಳಿಗಿಂತ ಚೆನ್ನಾಗಿತ್ತು, ಆದರೆ ಅದು ಹಾಸ್ಯವಾಗಿರಲಿಲ್ಲ. ನಾನು ಮಾಲೀಕರ ಕಡೆ ನೋಡಿದೆ. ಅವರು ಪರದೆಯ ಸಂದಿನಿಂದ ಕೈಯಾಡಿಸಿ, ಕೂಗಿಯಾಯಿತು, ಮುಗಿಯಿತು ಎಂಬ ಸನ್ನೆ ಮಾಡಿದರು. ನಾನು ಸುಮ್ಮನಾದೆ. ಮಾದಯ್ಯ ಜಗಳವಾಡಲಿಲ್ಲ, ಬಟ್ಟೆ ಸುತ್ತಿಕೊಂಡು ಇಳಿದು, ಜೇನಿನ ಗಡಿಗೆ ಎತ್ತಿಕೊಂಡು ಹೋದರು. ಮರುದಿನ ಬೆಳಿಗ್ಗೆ ಸಂತೆಯಲ್ಲಿ ಹುಡುಕಿದೆ, ಬಸ್ಸು ನಿಲ್ಲುವ ಕಡೆ ಹುಡುಕಿದೆ, ಸಿಗಲಿಲ್ಲ. ಪ್ರಚಾರದ ಜಟಕಾದಲ್ಲಿ ನಿಂತು ನಿನ್ನೆಯ ತೀರ್ಪು ತಪ್ಪು ಎಂದು ಕೂಗಲೇ ಎಂದು ಮಾಲೀಕರನ್ನು ಕೇಳಿದೆ. ಘೋಷಕ ಒಂದು ಸಲ ತಿದ್ದಿಕೊಂಡರೆ ಜನ ಪ್ರತಿ ಸಲವೂ ತಿದ್ದಿಸಲು ಬರುತ್ತಾರೆ ಎಂದರು. ಆ ಮಾತನ್ನು ಮುಂದೆ ಬೇರೆ ಬೇರೆ ದೊಡ್ಡ ಕುರ್ಚಿಗಳಲ್ಲಿ ಕುಳಿತವರ ಬಾಯಲ್ಲೂ ಕೇಳಿದ್ದೇನೆ. ಆ ದಿನ ಕೇಳಿಕೊಂಡು ಸುಮ್ಮನಿದ್ದೆ ಎಂಬುದನ್ನು ಮುಚ್ಚಿಡುವುದಿಲ್ಲ.

ಅಲ್ಲಿಂದ ಕೊಳ್ಳೇಗಾಲಕ್ಕೆ ಬಂದೆವು. ಅಮಾವಾಸ್ಯೆಯ ದಿನ ನೇಕಾರರ ಬೀದಿಯಲ್ಲಿ ಮಗ್ಗಗಳು ಸುಮ್ಮನಿರುತ್ತವೆ. ಮಿಕ್ಕ ದಿನ ಮನೆ ಮನೆಯಿಂದ ಬರುವ ಲಟಪಟ ಸದ್ದು ಅಂದು ಇಲ್ಲದೆ ಇಡೀ ಬೀದಿಗೆ ಕಿವಿ ಮುಚ್ಚಿದಂತಿರುತ್ತದೆ. ಮಗ್ಗಕ್ಕೆ ರಜೆ ಎಂದರೆ ನಮಗೆ ಹಬ್ಬ. ಅಂದು ಮಧ್ಯಾಹ್ನವೇ ಒಂದು ಆಟ ಹಾಕುತ್ತಿದ್ದೆವು, ಹೆಂಗಸರು ಮಕ್ಕಳು ತುಂಬುತ್ತಿದ್ದರು. ಆ ಮಧ್ಯಾಹ್ನ ಪಂದ್ಯಕ್ಕೆ ಯಾರು ಬರುತ್ತೀರಿ ಎಂದು ನಾನು ಕೂಗಿದಾಗ ಹೆಂಗಸರ ಕಡೆಯಿಂದ ನಲವತ್ತೈದರ ಆಸುಪಾಸಿನ ಒಬ್ಬಾಕೆ ಎದ್ದರು. ಅದುವರೆಗೆ ಹೆಂಗಸರಾರೂ ವೇದಿಕೆ ಹತ್ತಿರಲಿಲ್ಲ. ಹಿಂದಿನಿಂದ ಯಾರೋ ಸೆರಗು ಜಗ್ಗಿದರು. ಇವರು ಸೆರಗನ್ನು ಬಿಡಿಸಿಕೊಂಡು, ಸೊಂಟಕ್ಕೆ ಸಿಕ್ಕಿಸಿ, ಮೆಟ್ಟಿಲು ಹತ್ತಿ ಬಂದರು.

ಹೆಸರು, ಕೆಲಸ, ಸೀರೆ ಏಕೆ ಬೇಕು, ಈ ಮೂರನ್ನು ಸಭೆಗೆ ಕೇಳುವಂತೆ ನಾನು ವಿಚಾರಿಸಬೇಕು. ಹೆಸರು ಚೌಡಮ್ಮ ಎಂದರು. ಕೆಲಸ ಎಳೆ ಕೆಚ್ಚುವುದು. ಹಾಗೆಂದರೆ, ಮಗ್ಗದ ಮೇಲಿನ ಹಾಸು ಮುಗಿಯುತ್ತ ಬಂದಾಗ ಅದರ ಸಾವಿರಾರು ಎಳೆಗಳ ತುದಿಗೆ ಹೊಸ ಹಾಸಿನ ಸಾವಿರಾರು ಎಳೆಗಳನ್ನು ಒಂದೊಂದಾಗಿ, ಬೂದಿ ಮುಟ್ಟಿಸಿದ ಬೆರಳಿನಿಂದ ಹೊಸೆದು ಸೇರಿಸುವುದು. ಮನೆಯಿಂದ ಮನೆಗೆ ಹೋಗಿ ಮಾಡುವ ಕೆಲಸ, ದಿನವೆಲ್ಲ ಕುಳಿತಲ್ಲೇ. ಮೂರನೆಯದಕ್ಕೆ ಅವರು ನನ್ನನ್ನು ನೋಡದೆ ಪೆಟ್ಟಿಗೆಯ ಕಡೆ ನೋಡಿ ಉತ್ತರ ಕೊಟ್ಟರು.

"ಮಗಳ ಮದ್ವೆ ಸಾ. ನಾನು ಕೆಚ್ಚುದ್ದ ಎಳೆ ಎಷ್ಟು ಜನ ಉಟ್ಟವ್ರೋ. ನಾನು ಒಂದ್ಸಲ ಉಟ್ಕಂಡು ಧಾರೆ ಎರೀಬೇಕು."

ಅವರು ಪೀಠದ ಮೇಲೆ ಕುಳಿತು, ಸೆರಗಿನ ಅಂಚಿನಿಂದ ಒಂದು ನೂಲು ಕಿತ್ತು, ತುಟಿಗಳ ನಡುವೆ ಹಿಡಿದರು. ಇದೇನಮ್ಮ ಎಂದು ಪುಟ್ಟಸ್ವಾಮಿ ಕೇಳಿದ್ದಕ್ಕೆ ನಾನೇ ಜನರಿಗೆ ವಿವರಿಸಬೇಕಾಯಿತು, ಯಾಕೆಂದರೆ ಅವರು ಆಗಲೇ ಬಾಯಿ ಮುಚ್ಚಿಯಾಗಿತ್ತು: ಕೆಲಸ ಮಾಡುವಾಗ ಮುಂದಿನ ಎಳೆಯ ತುದಿಯನ್ನು ಹೀಗೆ ತುಟಿಯಲ್ಲಿ ಹಿಡಿದಿರುತ್ತಾರೆ, ನಕ್ಕರೆ, ಮಾತಾಡಿದರೆ, ಎಳೆ ಜಾರಿ ಸಾವಿರದ ನಡುವೆ ಕಳೆದುಹೋಗುತ್ತದೆ, ಅದನ್ನು ಹುಡುಕಲು ಅರ್ಧ ದಿನ. ನಮ್ಮ ಕಂಪನಿ ಒಂದೂವರೆ ವರ್ಷ ಯಾರಿಗೆ ಹೆದರಬೇಕಿತ್ತೋ ಅವರು ಇವರು. ಮೂವತ್ತು ವರ್ಷ ನಗದೆ ಕೂರುವುದನ್ನೇ ಕಸುಬು ಮಾಡಿಕೊಂಡವರು. ಹಲಗೆಯ ಮೇಲೆ ಹೆಸರಿದ್ದ ನಾನು ಅವರ ಮುಂದೆ ನಾಲ್ಕು ವರ್ಷದ ಮಗು.

ಬಟ್ಟಲು ನೀರಿಗೆ ಬಿತ್ತು. ಪುಟ್ಟಸ್ವಾಮಿ ಮಗ್ಗದ ಗುಂಡಿಯಲ್ಲಿ ಕುಳಿತ ನೇಕಾರನಾದ. ಹೆಂಡತಿ ಊಟಕ್ಕೆ ಕರೆದಳು, ಎದ್ದರೆ ಕಾಲು ಎಳೆಗಳಲ್ಲಿ ಸಿಕ್ಕಿಕೊಂಡಿದೆ, ಬಿಡಿಸಲು ಬಂದ ಹೆಂಡತಿ ಸಿಕ್ಕಿಕೊಂಡಳು, ಅವಳನ್ನು ಬಿಡಿಸಲು ಬಂದ ಅತ್ತೆಯೂ ಸಿಕ್ಕಿಕೊಂಡು ಮೂವರೂ ಸೇರಿ ಒಂದು ಸೀರೆಯಾದರು. ಅತ್ತೆಯನ್ನು ಅಂಚಿನಲ್ಲಿ ನೇಯ್ದದ್ದಕ್ಕೆ ಸೊಸೆ ಸೆರಗಿನಲ್ಲಿ ಜಗಳ ತೆಗೆದಳು. ಡೇರೆಯ ಗೂಟಗಳು ಅಲುಗುವಂತೆ ಜನ ನಕ್ಕರು. ಚೌಡಮ್ಮ ತಮ್ಮ ಮುಂದೆ ಒಂದು ಮೊಳ ದೂರದಲ್ಲಿ, ಗಾಳಿಯಲ್ಲಿ, ಇಲ್ಲದ ಎಳೆಗಳನ್ನು ನೋಡುತ್ತಿದ್ದರು. ನಾನು ಕಣ್ಣ ಕೆಳಗಿನ ಚರ್ಮವನ್ನು ನೋಡಿದೆ, ಹೊಳ್ಳೆಯನ್ನು ನೋಡಿದೆ. ಏನೂ ಇಲ್ಲ. ನೂಲು ಉಸಿರಿಗೆ ಮಾತ್ರ ಒಂದಿಷ್ಟು ಆಡುತ್ತಿತ್ತು.

ಬಟ್ಟಲಿನಲ್ಲಿ ಮುಕ್ಕಾಲು ನೀರು ತುಂಬಿದಾಗ ಪುಟ್ಟಸ್ವಾಮಿ ಎಲ್ಲವನ್ನೂ ನಿಲ್ಲಿಸಿದ. ಬೆವರು ಒರೆಸಿಕೊಂಡು ನನ್ನ ಬಳಿ ಬಂದು, ನನ್ನ ಕೈಯಿಂದ ತುತ್ತೂರಿ ತೆಗೆದುಕೊಂಡು, ನನ್ನ ಪೇಟವನ್ನು ತನ್ನ ತಲೆಗಿಟ್ಟುಕೊಂಡ. ಆಮೇಲೆ, ಹೇಗೆಂದು ನನಗೆ ಇಂದಿಗೂ ತಿಳಿಯದು, ಅವನ ಮುಖ ನಿಧಾನವಾಗಿ ಆರಿತು. ರೆಪ್ಪೆ ಅರ್ಧ ಇಳಿದವು, ಕತ್ತು ಒಂದು ಪಕ್ಕಕ್ಕೆ ವಾಲಿತು, ಹಾಲು ಒಡೆದಿದೆಯೇ ಎಂದು ಮೂಸಿ ನೋಡುವವನ ಗಾಂಭೀರ್ಯ ಬಂತು. ಅದು ನಾನು. ನನ್ನದೇ ದನಿಯಲ್ಲಿ, ಎಮ್ಮೆ ಕಳೆದ ಪ್ರಕಟಣೆ ಓದುವ ದನಿಯಲ್ಲಿ, ಅವನು ಸಭೆಗೆ ಹೇಳಿದ:

"ಮಹಾಜನಗಳಲ್ಲಿ ವಿಜ್ಞಾಪನೆ. ಪುಟ್ಟಸ್ವಾಮಿ ಎಂಬ ಹಾಸ್ಯಗಾರನು ಇದೇ ವೇದಿಕೆಯ ಮೇಲೆ ಈಗಷ್ಟೇ ತೀರಿಕೊಂಡಿರುತ್ತಾನೆ. ಹೊದಿಸುವ ಸೀರೆಯನ್ನು ಗಾಜಿನ ಪೆಟ್ಟಿಗೆಯಿಂದ ತೆಗೆಯಬೇಕಾದರೆ ಯಾರಾದರೂ ಒಬ್ಬರು ನಗದೆ ಇರತಕ್ಕದ್ದು. ನಗದ ರಾಚಪ್ಪನವರು ಆಗಲೇ ಇದ್ದಾರೆ, ಆದರೆ ಅವರನ್ನು ಜೀವಂತರ ಲೆಕ್ಕಕ್ಕೆ ಹಿಡಿದಿರುವುದಿಲ್ಲ."

ನಾಲ್ಕು ವರ್ಷ ನಾನು ನನ್ನ ಮುಖವನ್ನು ಒಳಗಿನಿಂದ ಮಾತ್ರ ಬಲ್ಲವನಾಗಿದ್ದೆ. ಹೊರಗಿನಿಂದ ಅದು ಹೀಗಿದೆ ಎಂದು ಅಂದು ಮೊದಲ ಸಲ ಕಂಡೆ, ಮತ್ತು ನಕ್ಕೆ. ಮೆಲ್ಲಗಲ್ಲ, ಅದು ಮೂಗಿನಿಂದ ಎದ್ದು, ತಡೆಯಲು ಹೋಗಿ ಗಂಟಲಲ್ಲಿ ಒಡೆದು, ಪೀಠದ ಪಕ್ಕದಲ್ಲಿ ಒಂದು ದೊಡ್ಡ ನಗೆಯಾಗಿ ಬಿತ್ತು. ಅದೇ ಕ್ಷಣಕ್ಕೆ ಬಟ್ಟಲು ಬುಳಕ್ ಎಂದಿತು. ಚೌಡಮ್ಮನವರ ತುಟಿಯಲ್ಲಿ ನೂಲು ಹಾಗೇ ಇತ್ತು.

ಜನ ತಮ್ಮ ನಗೆಯಲ್ಲಿ ಮುಳುಗಿದ್ದರು, ಅರ್ಧ ಜನ ಕಣ್ಣು ಒರೆಸಿಕೊಳ್ಳುತ್ತಿದ್ದರು. ವೇದಿಕೆಯ ಮೇಲಿಂದ ಒಂದು ನಗು ಕೇಳಿದ್ದು ಎಲ್ಲರಿಗೂ ಗೊತ್ತಿತ್ತು; ಯಾರದೆಂಬುದು ಗೊತ್ತಿರಲಿಲ್ಲ. ಯಾರೋ ಹಿಂದಿನಿಂದ, ನಕ್ಬುಟ್ಳು ಕಣ್ಲಾ ಎಂದರು. ನಾನು ನಕ್ಕಿರಬಹುದೆಂದು ಯಾರೂ ಊಹಿಸಲೂ ಇಲ್ಲ, ಹಲಗೆಯ ಮೇಲೆ ಹಾಗೆ ಬರೆದಿತ್ತಲ್ಲ. ಮಾಲೀಕರು ಪರದೆಯ ಹಿಂದಿನಿಂದ ನನ್ನ ಪಕ್ಕಕ್ಕೇ ಬಂದು ನಿಂತರು. ಅವರ ಉಸಿರಿನಲ್ಲಿ ಎಲೆ ಅಡಿಕೆಯ ವಾಸನೆಯಿತ್ತು.

"ನಕ್ಕರು ಅನ್ನು," ಎಂದರು ಮೆಲ್ಲಗೆ. "ಒಂದೇ ಮಾತು. ನಿನ್ನ ಹೆಸರೂ ಉಳಿಯುತ್ತೆ, ಸೀರೆಯೂ ಉಳಿಯುತ್ತೆ."

ಅವರು ಹೇಳಿದ್ದರಲ್ಲಿ ಸುಳ್ಳು ಕೂಡ ಇರಲಿಲ್ಲ, ನೋಡಿ. ನಕ್ಕರು ಎಂದರೆ ಯಾರೋ ನಕ್ಕದ್ದು ನಿಜ. ನಾನು ಹೆಸರು ಹೇಳದಿದ್ದರೆ ಸಾಕಿತ್ತು. ಮುಂದೆ ಪತ್ರಿಕೆಯ ಮೇಜಿನಲ್ಲಿ ಕುಳಿತು ಎಷ್ಟೋ ಹೇಳಿಕೆಗಳನ್ನು ಓದುವಾಗ ಈ ಜಾತಿಯ ನಿಜವನ್ನು ನಾನು ದೂರದಿಂದಲೇ ಗುರುತಿಸುತ್ತಿದ್ದೆ: ಪ್ರತಿ ಪದವೂ ಸರಿ, ಕರ್ತೃವನ್ನು ಮಾತ್ರ ಎಲ್ಲೋ ಬಿಟ್ಟಿರುತ್ತಾರೆ. ಅಂದು ನನಗೆ ಇಷ್ಟೆಲ್ಲ ಹೊಳೆಯಲಿಲ್ಲ. ಹೊಳೆದದ್ದು ಎರಡೇ. ನಿಜ ಹೇಳಿದರೆ ನಗದ ರಾಚಪ್ಪ ಅಲ್ಲಿಗೆ ಮುಗಿದ. ನಕ್ಕ ಘೋಷಕನನ್ನು ಯಾವ ಕಂಪನಿಯೂ ಇಟ್ಟುಕೊಳ್ಳುವುದಿಲ್ಲ, ಇನ್ನೊಂದು ಕಸುಬು ನನಗೆ ಬಾರದು. ಹೇಳದಿದ್ದರೆ, ಮಾದಯ್ಯನವರಂತೆ ಬಟ್ಟೆ ಸುತ್ತಿಕೊಂಡು ಇಳಿದು ಹೋಗುವ ಎರಡನೆಯವರು ಇವರಾಗುತ್ತಾರೆ.

ಚೌಡಮ್ಮ ನನ್ನನ್ನು ನೋಡಿದರು. ಬೇಡಲಿಲ್ಲ. ಬಟ್ಟಲು ಮುಳುಗಿದ ಮೇಲೂ ನೂಲನ್ನು ತೆಗೆಯದೆ, ನನ್ನ ಮಾತಿಗೆ ಕಾಯುತ್ತಿದ್ದರು, ಅಷ್ಟೇ.

ನಾನು ಪುಟ್ಟಸ್ವಾಮಿಯಿಂದ ತುತ್ತೂರಿ ಕಿತ್ತುಕೊಂಡೆ.

"ಮಹಾಜನಗಳಲ್ಲಿ ವಿಜ್ಞಾಪನೆ," ಎಂದೆ. "ನಕ್ಕವನು ನಾನು. ಚೌಡಮ್ಮನವರು ನಗಲಿಲ್ಲ. ಸೀರೆ ಅವರದು."

ಇದೂ ಆಟದ ಒಂದು ಭಾಗವೋ ಏನೋ ಎಂದು ಜನ ಪುಟ್ಟಸ್ವಾಮಿಯ ಮುಖ ನೋಡಿದರು. ಅವನು ನನ್ನ ಪೇಟವನ್ನು ತಲೆಯಿಂದ ತೆಗೆದು ಎದೆಗೆ ಹಿಡಿದು ನಿಂತಿದ್ದ. ಆಗ ಹೆಂಗಸರ ಕಡೆಯಿಂದ ಎದ್ದ ಸದ್ದನ್ನು ಚಪ್ಪಾಳೆ ಎಂದು ಕರೆದರೆ ಕಡಿಮೆಯಾಗುತ್ತದೆ. ನಾನು ಅದಕ್ಕೇ ನಿಲ್ಲದೆ, ಹನೂರಿನಲ್ಲಿ ಮಾದಯ್ಯ ಎಂಬವರ ವಿಷಯದಲ್ಲಿ ತಪ್ಪು ತೀರ್ಪು ಕೊಟ್ಟಿದ್ದೇನೆಂದೂ, ಅವರನ್ನು ಬಲ್ಲವರಿದ್ದರೆ ತಿಳಿಸಬೇಕೆಂದೂ ಅದೇ ದನಿಯಲ್ಲಿ ಕೂಗಿದೆ. ಮಾಲೀಕರು ತುತ್ತೂರಿಯ ಮೇಲೆ ಕೈಯಿಟ್ಟರು. ಆ ಹೊತ್ತಿಗೆ ಹೇಳಬೇಕಾದದ್ದು ಮುಗಿದಿತ್ತು.

ಸೀರೆ ಕೊಡದೆ ಅವರಿಗೆ ಬೇರೆ ದಾರಿ ಇರಲಿಲ್ಲ. ಚೌಡಮ್ಮ ಅದನ್ನು ಕಣ್ಣಿಗೊತ್ತಿಕೊಳ್ಳಲಿಲ್ಲ, ಎದೆಗಪ್ಪಿಕೊಳ್ಳಲಿಲ್ಲ. ವೇದಿಕೆಯ ಮೇಲೇ ಪೀಠದ ಪಕ್ಕ ಕುಳಿತು, ಮಡಿಕೆ ಮಡಿಕೆಯನ್ನೂ ಬಿಚ್ಚಿ, ಬೆಳಕಿಗೆ ಹಿಡಿದು, ಬೆರಳಾಡಿಸಿ ನೋಡಿದರು. ಆಮೇಲೆ ಮಾಲೀಕರನ್ನು, ಉಗ್ರಾಣದಲ್ಲಿ ತಪ್ಪು ಮಾಡಿದ ಹುಡುಗನನ್ನು ಬೈಯುವ ಹಾಗೆ ಬೈದರು.

"ಒಂದ್ಸಲನೂ ಮಡ್ಕೆ ಬದ್ಲಾಯ್ಸಿಲ್ವಲ್ಲ ಸಾ. ಇಂಗೇ ಇಟ್ಟಿದ್ರೆ ಇನ್ನೊಂದು ವರ್ಷಕ್ಕೆ ಮಡ್ಕೇಲೇ ಹರ್ದೋಗದು. ಯಾರ್ಗೂ ಕೊಡದಿಲ್ಲ ಅಂತ ಇಟ್ಟಿದ್ರಾ?"

ಮಾಲೀಕರು ಖಾಲಿ ಗಾಜಿನ ಪೆಟ್ಟಿಗೆಯ ಮುಚ್ಚಳ ಹಾಕಿದರು. ಆಟ ಮುಗಿದು ಜನ ಕರಗಿದ ಮೇಲೆ, ನಾಳೆಯಿಂದ ಬರಬೇಡ ಎಂದರು. ಪುಟ್ಟಸ್ವಾಮಿ ಬಸ್ಸಿನವರೆಗೆ ನನ್ನ ಟ್ರಂಕು ಹೊತ್ತು ಬಂದ. ನಿನ್ನನ್ನು ಕೆಡಿಸಬೇಕೆಂದು ಮಾಡಿದ್ದಲ್ಲ ಎಂದ, ಗೊತ್ತು ಎಂದೆ. ಅವಳು ನಗೋದಿಲ್ಲ ಅಂತ ಖಾತ್ರಿಯಾಯಿತು, ಸಾಯೋ ಮೊದಲು ಯಾರನ್ನಾದರೂ ನಗಿಸಬೇಕಲ್ಲ ಎಂದ. ಟ್ರಂಕನ್ನು ಬಸ್ಸಿನ ಮೇಲೇರಿಸಿ, "ಲೇ ರಾಚ, ನಾಲ್ಕು ವರ್ಷ ನಿನ್ನ ಒಳಗೆ ಯಾರೂ ಇಲ್ಲ ಅನ್ಕಂಡಿದ್ದೆ ಕಣ್ಲಾ," ಎಂದು ಬೇರೆ ಕಡೆ ನೋಡಿದ. ಅವನು ಮುಂದೆ ಇನ್ನೊಬ್ಬ ಜೊತೆಗಾರನನ್ನು ಹುಡುಕಿಕೊಂಡ. ಆ ಹೊಸಬನ ಹೆಸರನ್ನೂ ಯಾರೂ ನೆನಪಿಟ್ಟಿಲ್ಲವೆಂದು ಖಂಡಿತವಾಗಿ ಹೇಳಬಲ್ಲೆ.

ಯಳಂದೂರಿಗೆ ಹೋಗುವ ಬಸ್ಸಿನಲ್ಲಿ ಕುಳಿತು, ಪ್ರಚಾರದ ಕರಪತ್ರದ ಹಿಂಬದಿಯಲ್ಲಿ, ಅಂದು ನಡೆದದ್ದನ್ನು ಬರೆದೆ. ಯಾರು, ಎಲ್ಲಿ, ಏನು. ವಿಶೇಷಣ ಒಂದೂ ಇಲ್ಲ. ಮೈಸೂರಿನ ಒಂದು ಪತ್ರಿಕೆಗೆ ಅಂಚೆಯಲ್ಲಿ ಹಾಕಿದೆ. ಅವರು ಅದನ್ನು ಅಚ್ಚು ಹಾಕಲಿಲ್ಲ. ಆದರೆ, ಹೀಗೆ ಬರೆಯಬಲ್ಲವರು ನಮಗೆ ಆ ಕಡೆಯ ಸುದ್ದಿ ಕಳಿಸಬಹುದು ಎಂದು ಒಂದು ಕಾರ್ಡು ಬಂತು. ನನ್ನ 'ಇತರ ಉದ್ಯೋಗ'ದಿಂದ ಪತ್ರಿಕಾ ಉದ್ಯೋಗಕ್ಕೆ ನಾನು ಬಂದದ್ದು ಹೀಗೆ. ಒಂದನ್ನು ಅಳಿಸಿ ಇನ್ನೊಂದನ್ನು ಮಾತ್ರ ಉಳಿಸುವುದು ಆಗದ ಮಾತು.

ಮಾದಯ್ಯನವರು ನನಗೆ ಸಿಗಲೇ ಇಲ್ಲ. ಬರೆದಿಡಬೇಕಾದ್ದರಿಂದ ಬರೆದಿದ್ದೇನೆ.

ಎರಡು ತಿಂಗಳ ಮೇಲೆ ಕೊಳ್ಳೇಗಾಲದಿಂದ ಅರಿಸಿನ ಹಚ್ಚಿದ ಲಗ್ನಪತ್ರಿಕೆ ಬಂತು. ಹೋದೆ. ನೇಕಾರರ ಬೀದಿಯ ಮನೆಯ ಮುಂದೆ ತೆಂಗಿನ ಗರಿಯ ಚಪ್ಪರ. ಮಗ್ಗವನ್ನು ಗೋಡೆಗೊತ್ತಿ, ಗುಂಡಿಗೆ ಹಲಗೆ ಮುಚ್ಚಿ, ಅದರ ಮೇಲೇ ಹಸೆ ಹಾಕಿದ್ದರು. ಚೌಡಮ್ಮ ಆ ಸೀರೆ ಉಟ್ಟು ಮಗಳ ಕೈಗೆ ಧಾರೆ ಎರೆದರು. ನೀರು ಬೀಳುವಷ್ಟು ಹೊತ್ತೂ ಅವರ ಮುಖ ಅಲುಗಲಿಲ್ಲ. ಊಟದ ಪಂಕ್ತಿಯಲ್ಲಿ ನನ್ನನ್ನು ಯಾರೂ ಗುರುತಿಸಲಿಲ್ಲ, ಪೇಟವಿಲ್ಲ, ತುತ್ತೂರಿಯಿಲ್ಲ. ಬೀಗರ ಕಡೆಯ ಯಜಮಾನರೊಬ್ಬರು, ತಾವು ಯಾವ ಕಡೆಯವರು ಎಂದು ಕೇಳಿದರು. ಏನು ಹೇಳಲಿ ಎಂದು ನಾನು ಯೋಚಿಸುತ್ತಿರುವಾಗ, ಪಾಯಸದ ಸೌಟು ಹಿಡಿದು ಬರುತ್ತಿದ್ದ ಚೌಡಮ್ಮ ಅಲ್ಲೇ ನಿಂತು, ಪಂಕ್ತಿಯ ಈ ತುದಿಯಿಂದ ಆ ತುದಿಗೆ ಕೇಳುವಂತೆ ಹೇಳಿದರು:

"ಅವತ್ತು ನಕ್ಕೋರು ಇವ್ರೇ ಕಣ್ರಿ."

ಎಲೆಗಳ ಮುಂದಿನಿಂದ ಮೂವತ್ತು ನಲವತ್ತು ತಲೆಗಳು ನನ್ನ ಕಡೆ ತಿರುಗಿದವು. ಹೌದು, ನಾನೇ ಎಂದೆ.